ಉರಿಮೂತ್ರದ ಮಾತ್ರೆ ನಾಲ್ಕು ಉಳಿದಿದೆ, ಅತ್ತೆಗೆ ಕೊಡಬಹುದಾ?

ಕಾಫಿಹೂ, ಮೂಡಿಗೆರೆ ಕಡೆ:

ನಮಸ್ಕಾರ. ಸ್ವಲ್ಪ ಮುಜುಗರದ ವಿಷಯ, ಆದರೂ ಕೇಳುತ್ತಿದ್ದೇನೆ. ಮನೆಯಲ್ಲಿ ಇದನ್ನು ಜೋರಾಗಿ ಮಾತಾಡುವ ಹಾಗಿಲ್ಲ.

ನಮ್ಮದು ಮೂಡಿಗೆರೆಯಿಂದ ಒಳಗೆ ನಾಲ್ಕು ಎಕರೆ ರೊಬಸ್ಟಾ. ಈಗ ಕೊಯ್ಲು ನಡೀತಿದೆ. ಬೆಳಿಗ್ಗೆ ಎಂಟಕ್ಕೆ ಆಳುಗಳ ಜೊತೆ ತೋಟಕ್ಕೆ ಇಳಿದರೆ, ಸಂಜೆ ಹಣ್ಣು ತೂಕ ಹಾಕಿ ಮೂಟೆ ಕಟ್ಟಿಸಿದ ಮೇಲೇ ಮನೆ ಮುಖ ನೋಡುವುದು. ತೋಟದೊಳಗೆ ಹೆಂಗಸರಿಗೆ ಒಂದಕ್ಕೆ ಹೋಗಲು ಜಾಗ ಎಲ್ಲಿರುತ್ತೆ ಹೇಳಿ. ಹಾಗಾಗಿ ನೀರೇ ಕುಡಿಯುವುದಿಲ್ಲ. ಬಂದರೂ ತಡೆದುಕೊಳ್ಳುವುದು. ನಾನೊಬ್ಬಳೇ ಅಲ್ಲ, ಕೊಯ್ಯುವ ಹೆಂಗಸರೆಲ್ಲ ಹಾಗೇ.

ಮೊದಲ ಸಲ ಉರಿಮೂತ್ರ ಆಗಿದ್ದು ದೀಪಾವಳಿ ಹೊತ್ತಿಗೆ. ನಮ್ಮೆಜಮಾನರನ್ನು ಪೇಟೆಗೆ ಕಳಿಸಿದೆ. ಅವರಿಗೆ ಮೆಡಿಕಲ್ ಶಾಪಿನಲ್ಲಿ ನಾಲ್ಕು ಜನರ ಮುಂದೆ ಆ ಮಾತು ಹೇಳಲು ನಾಚಿಕೆ. "ಮನೆಯವಳಿಗೆ ಉರಿ" ಅಂದರಂತೆ. ಅಂಗಡಿಯವರು ಗ್ಯಾಸ್ಟ್ರಿಕ್ ಮಾತ್ರೆ ತೆಗೆದರಂತೆ! ಆಮೇಲೆ ಕಿವಿಯಲ್ಲಿ ಹೇಳಿ, ಸಿಪ್ರೋಫ್ಲಾಕ್ಸಾಸಿನ್ ನಾಲ್ಕು ಮಾತ್ರೆ ಕತ್ತರಿಸಿಕೊಂಡು, ಜೊತೆಗೆ ನೀರಿಗೆ ಬೆರೆಸಿ ಕುಡಿಯುವ ಒಂದು ಸಿರಪ್ ತಂದರು. ಎರಡು ದಿನಕ್ಕೆ ಉರಿ ಹೋಯ್ತು, ನಾನೂ ಮರೆತೆ. ಮೂರೇ ವಾರಕ್ಕೆ ಮತ್ತೆ ಬಂತು. ಮತ್ತೆ ಅದೇ ನಾಲ್ಕು ಮಾತ್ರೆ. ಸಂಕ್ರಾಂತಿ ಆದ ಮೇಲೆ ಮೂರನೇ ಸಲ ಬಂದಾಗ ಆ ಮಾತ್ರೆಗೆ ಜಗ್ಗಲೇ ಇಲ್ಲ. ಐದು ನಿಮಿಷಕ್ಕೊಮ್ಮೆ ಹೋಗಬೇಕು ಅನ್ನಿಸುವುದು, ಹೋದರೆ ನಾಲ್ಕು ಹನಿ, ಆ ನಾಲ್ಕು ಹನಿಗೆ ಕಣ್ಣಲ್ಲಿ ನೀರು. ಒಂದು ದಿನ ನಸುಗೆಂಪು ಬಂತು. ಹೆದರಿ ಚಿಕ್ಕಮಗಳೂರಿಗೆ ಹೋದೆ.

ಲೇಡಿ ಡಾಕ್ಟರು ಮೊದಲು ಬೈದರು. ಆಮೇಲೆ ಗರ್ಭಿಣಿಯಾ, ಜ್ವರ ಚಳಿ ಇದೆಯಾ, ಸೊಂಟದ ಪಕ್ಕ ನೋವಿದೆಯಾ, ಕಿಡ್ನಿ ತೊಂದರೆ ಇದೆಯಾ ಅಂತ ಕೇಳಿದರು. ಎಲ್ಲಕ್ಕೂ ಇಲ್ಲ ಅಂದೆ. ಯಾವ ಬ್ಯಾಕ್ಟೀರಿಯಾ, ಯಾವ ಮಾತ್ರೆಗೆ ಬಗ್ಗುತ್ತೆ ಅಂತ ಲ್ಯಾಬಿನಲ್ಲಿ ಬೆಳೆಸಿ ನೋಡುವ ಕಲ್ಚರ್ ಪರೀಕ್ಷೆಗೆ ಮೂತ್ರ ಕೊಡಿಸಿ, ಅವತ್ತೇ ನೈಟ್ರೋಫ್ಯುರಾಂಟೊಯಿನ್ ಎಸ್‌ಆರ್ 100 ಬರೆದರು. ಬೆಳಿಗ್ಗೆ ಒಂದು, ರಾತ್ರಿ ಒಂದು, ಐದು ದಿನ. ಹತ್ತು ಮಾತ್ರೆ. ನಿನ್ನೆ ರಿಪೋರ್ಟ್ ಬಂತು. ಇ. ಕೋಲೈ ಅನ್ನುವ ಬ್ಯಾಕ್ಟೀರಿಯಾ, ಒಂದು ಲಕ್ಷಕ್ಕಿಂತ ಜಾಸ್ತಿ. ಸಿಪ್ರೋ, ನಾರ್‌ಫ್ಲಾಕ್ಸ್, ಸೆಫಿಕ್ಸಿಮ್ ಮುಂದೆ ಎಲ್ಲ 'ಆರ್', ಅಂದರೆ ಅವಕ್ಕೆ ಬ್ಯಾಕ್ಟೀರಿಯಾ ಬಗ್ಗಲ್ಲ ಅಂತ. ನೈಟ್ರೋಫ್ಯುರಾಂಟೊಯಿನ್, ಫಾಸ್ಫೋಮೈಸಿನ್ ಮುಂದೆ 'ಎಸ್', ಅಂದರೆ ಬಗ್ಗುತ್ತೆ ಅಂತ. ಫೋಟೋ ಕಳಿಸಿದ್ದಕ್ಕೆ ಡಾಕ್ಟರು "ಅದೇ ಮುಂದುವರಿಸಿ" ಅಂದರು, ಅಷ್ಟೆ.

ಈಗ ಮೂರು ದಿನ ಆಯ್ತು. ಆರು ಮಾತ್ರೆ ಮುಗಿದಿದೆ, ಉರಿ ಪೂರ್ತಿ ನಿಂತಿದೆ. ಆದರೆ ಮೂತ್ರ ಡಿಕಾಕ್ಷನ್ ಥರ ಕಂದು ಬಣ್ಣಕ್ಕೆ ತಿರುಗಿದೆ. ಮೊದಲ ದಿನ ಬೆಳಿಗ್ಗೆ ಬರೀ ಕಾಫಿ ಕುಡಿದು ಮಾತ್ರೆ ನುಂಗಿದ್ದಕ್ಕೆ ಹೊಟ್ಟೆ ತೊಳಸಿ, ಕಣದ ಪಕ್ಕ ಕೂತುಬಿಟ್ಟೆ. ಹಳೇ ಸಿರಪ್ಪೂ ಮನೆಯಲ್ಲಿತ್ತು, ಅದನ್ನೂ ಕುಡೀತಿದ್ದೇನೆ, ಬೇಗ ಗುಣ ಆಗಲಿ ಅಂತ.

ಇಷ್ಟರಲ್ಲಿ ನಮ್ಮತ್ತೆ. 71 ವರ್ಷ, ಸಕ್ಕರೆ ಕಾಯಿಲೆ, ಬಿಪಿ ಎರಡೂ ಇದೆ. ಅವರಿಗೂ ಎರಡು ವಾರದಿಂದ "ಅಲ್ಲಿ" ಉರಿಯಂತೆ. "ನಿಂಗೆ ವಾಸಿ ಆಯ್ತಲ್ಲ, ಉಳಿದಿದ್ದು ನಂಗೆ ಕೊಡು. ಸುಮ್ನೆ ಆ ಡಾಕ್ಟ್ರಿಗೆ ಐನೂರು ಯಾಕೆ ಸುರೀತೀಯ" ಅಂತಾರೆ. ನಾಲ್ಕು ಮಾತ್ರೆ ಇದೆ. ಕೊಡಬಹುದಾ?

ಗಿಡಮದ್ದು, ಬೇಲೂರು:

ಇಷ್ಟಕ್ಕೆಲ್ಲ ಇಂಗ್ಲಿಷ್ ಮಾತ್ರೆ ಯಾಕಮ್ಮ. ಮೈ ಹೀಟಾಗಿದೆ ಅಷ್ಟೆ. ರಾತ್ರಿ ಕೊತ್ತಂಬರಿ ಬೀಜ ನೆನೆಸಿಟ್ಟು ಬೆಳಿಗ್ಗೆ ಆ ನೀರು ಕುಡಿಯಿರಿ. ಬಾರ್ಲಿ ಗಂಜಿ, ಎಳನೀರು, ಬೂದುಗುಂಬಳದ ರಸ. ನಮ್ಮಜ್ಜಿ ಕಾಲದಲ್ಲಿ ಕಲ್ಚರ್ ಇತ್ತಾ, ರಿಪೋರ್ಟ್ ಇತ್ತಾ? ಎಲ್ಲರೂ ಬದುಕಿರಲಿಲ್ವಾ?

ಮಾತ್ರೆಡಬ್ಬಿ, ಹಾಸನ:

ಮೇಡಂ, ಮೊದಲು ಒಂದು ಮಾತು. ಆ ನಾಲ್ಕು ಮಾತ್ರೆ ನಿಮ್ಮದು. ಇವತ್ತು ರಾತ್ರಿ ಒಂದು ನುಂಗಿ, ನಾಳೆ ಎರಡು, ನಾಡಿದ್ದು ಬೆಳಿಗ್ಗೆ ಒಂದು. ಅತ್ತೆಯವರಿಗೆ ಒಂದೂ ಕೊಡಬೇಡಿ.

ನಾನು ಹಾಸನದಲ್ಲಿ ಬಿ.ಎಂ. ರೋಡ್ ಹತ್ತಿರ ಮೆಡಿಕಲ್ ಶಾಪಿನಲ್ಲಿ 19 ವರ್ಷದಿಂದ ನಿಂತಿದ್ದೇನೆ. ಡಿ.ಫಾರ್ಮ ಓದಿದವನು, ಡಾಕ್ಟರ್ ಅಲ್ಲ. ಮಾತ್ರೆ ಹೇಗೆ ಕೆಲಸ ಮಾಡುತ್ತೆ ಅಂತ ಹೇಳಬಲ್ಲೆ, ಕಾಯಿಲೆ ಯಾವುದು ಅಂತ ಹೇಳಲಾರೆ.

ಬಣ್ಣಕ್ಕೆ ಹೆದರಬೇಡಿ. ಈ ಮಾತ್ರೆ ತಗೊಂಡವರಿಗೆ ಮೂತ್ರ ಕಡು ಹಳದಿ ಅಥವಾ ಕಂದು ಆಗುತ್ತೆ. ಮಾತ್ರೆ ನಿಂತ ಮೇಲೆ ತಾನಾಗಿ ತಿಳಿಯಾಗುತ್ತೆ. ಇದನ್ನು ಕೊಡುವಾಗಲೇ ಹೇಳಬೇಕು. ಹೇಳದೆ ಇದ್ದರೆ ಎರಡನೇ ದಿನವೇ ಗಾಬರಿಯಲ್ಲಿ ಫೋನ್ ಬರುತ್ತೆ, ನನಗೆ ಬಂದಿದೆ. ಆದರೆ ಕಣ್ಣು ಹಳದಿ ಆದರೆ, ಮೈಮೇಲೆ ಗಂಧೆ ಎದ್ದರೆ, ಹೊಸದಾಗಿ ಒಣ ಕೆಮ್ಮು ಉಬ್ಬಸ ಬಂದರೆ, ಪಾದ ಜೋಮು ಹಿಡಿದ ಹಾಗೆ ಆದರೆ, ಅದು ಬಣ್ಣದ ವಿಷಯ ಅಲ್ಲ. ಮಾತ್ರೆ ನಿಲ್ಲಿಸಿ ಡಾಕ್ಟರಿಗೆ ಹೇಳಬೇಕು. ಐದು ದಿನದ ಕೋರ್ಸಿನಲ್ಲಿ ಇದೆಲ್ಲ ಅಪರೂಪ. ಪದೇ ಪದೇ ಬರುತ್ತೆ ಅಂತ ತಿಂಗಳುಗಟ್ಟಲೆ ದಿನಕ್ಕೊಂದು ತಗೊಳ್ಳುವವರು ಇದನ್ನು ಮರೆಯಬಾರದು.

ಹೊಟ್ಟೆ ತೊಳಸಿದ್ದು ಖಾಲಿ ಹೊಟ್ಟೆಗೆ. ಇದನ್ನು ಊಟದ ಜೊತೆಯೇ ತಗೊಳ್ಳಬೇಕು. ಎರಡು ಅಕ್ಕಿ ರೊಟ್ಟಿ ತಿಂದು ನುಂಗಿ, ಮೇಲೆ ಒಂದು ಲೋಟ ಹಾಲು ಕುಡಿದರೂ ಸರಿ. ಹೊಟ್ಟೆಗೆ ಹಿತ ಅಂತ ಮಾತ್ರ ಅಲ್ಲ, ಊಟ ಇದ್ದರೆ ಮಾತ್ರೆ ಮೈಗೂ ಜಾಸ್ತಿ ಹತ್ತುತ್ತೆ. ಇಲ್ಲೊಂದು ತಮಾಷೆ ನೋಡಿ. ನೀವು ಮೊದಲು ತಗೊಂಡ ಸಿಪ್ರೋಗೆ ಹಾಲು ಶತ್ರು, ಹಾಲಿನ ಕ್ಯಾಲ್ಸಿಯಂ ಅದನ್ನು ಹೊಟ್ಟೆಯಲ್ಲೇ ಹಿಡಿದುಬಿಡುತ್ತೆ. ಇದಕ್ಕೆ ಹಾಲು ನೆಂಟ. ಎರಡೂ ಉರಿಮೂತ್ರದ ಮಾತ್ರೆಯೇ. ಹಾಗಾಗಿ "ಹೋದ ಸಲ ಹೀಗೆ ತಗೊಂಡಿದ್ದೆ" ಅನ್ನುವ ಲೆಕ್ಕ ಇಲ್ಲಿ ನಡೆಯಲ್ಲ. ಎಸ್‌ಆರ್ ಅಂತ ಇರುವುದನ್ನು ಮುರಿದು, ಪುಡಿ ಮಾಡಿ ತಗೊಳ್ಳಬಾರದು. ಅದು ನಿಧಾನಕ್ಕೆ ಬಿಡುವ ಹಾಗೆ ಮಾಡಿರುವ ಮಾತ್ರೆ. ಒಂದು ಹೊತ್ತು ಮರೆತರೆ ಮುಂದಿನ ಹೊತ್ತಿಗೆ ಎರಡು ನುಂಗಬೇಡಿ.

ಸಿರಪ್ ಇವತ್ತೇ ಪಕ್ಕಕ್ಕಿಡಿ. ಅದು ಮೂತ್ರದ ಹುಳಿ ಗುಣ ಕಡಿಮೆ ಮಾಡಿ ಉರಿ ಇಳಿಸುವಂಥದ್ದು. ಆದರೆ ನೈಟ್ರೋಫ್ಯುರಾಂಟೊಯಿನ್ ಚೆನ್ನಾಗಿ ಕೆಲಸ ಮಾಡುವುದೇ ಮೂತ್ರ ಹುಳಿ ಇದ್ದಾಗ. ಒಂದು ಕೈಲಿ ಮಾತ್ರೆ, ಇನ್ನೊಂದು ಕೈಲಿ ಅದರ ಕಾಲು ಎಳೆಯುವ ಸಿರಪ್. ಎಷ್ಟೋ ಚೀಟಿಯಲ್ಲೇ ಎರಡೂ ಜೊತೆಗೆ ಬರುತ್ತೆ, ನಾನು ಫೋನ್ ಮಾಡಿ ಕೇಳಿದ್ದೂ ಇದೆ, ಬೈಸಿಕೊಂಡಿದ್ದೂ ಇದೆ. ನಿಮ್ಮ ಡಾಕ್ಟರು ಸಿರಪ್ ಬರೆದೇ ಇಲ್ಲವಲ್ಲ, ಬಿಟ್ಟುಬಿಡಿ. ಗ್ಯಾಸ್ಟ್ರಿಕ್ ಅಂತ ಮೆಗ್ನೀಸಿಯಂ ಟ್ರೈಸಿಲಿಕೇಟ್ ಇರುವ ಮಾತ್ರೆ, ಸಿರಪ್ ತಗೊಳ್ಳುವ ಅಭ್ಯಾಸ ಇದ್ದರೆ ಅದೂ ಬೇಡ, ಈ ಮಾತ್ರೆಯನ್ನು ಮೈಗೆ ಹತ್ತಲು ಬಿಡಲ್ಲ.

ಇನ್ನು ಅತ್ತೆಯವರ ವಿಷಯ. ಈ ಮಾತ್ರೆ ಒಂದು ವಿಚಿತ್ರ ಜಾತಿ. ಬೇರೆ ಆಂಟಿಬಯೋಟಿಕ್ ರಕ್ತದಲ್ಲಿ ಸುತ್ತಿ ಮೈಯೆಲ್ಲ ಹೋಗುತ್ತೆ. ಇದು ರಕ್ತದಲ್ಲಿ ನಿಲ್ಲುವುದೇ ಇಲ್ಲ. ಕಿಡ್ನಿ ಇದನ್ನು ಬೇಗ ಹಿಡಿದು ಮೂತ್ರಕ್ಕೆ ತಳ್ಳುತ್ತೆ, ಮೂತ್ರಕೋಶದಲ್ಲಿ ಇದು ಗಟ್ಟಿಯಾಗಿ ಸೇರಿಕೊಂಡು ಅಲ್ಲಿರುವ ಬ್ಯಾಕ್ಟೀರಿಯಾ ಸಾಯಿಸುತ್ತೆ. ಅದಕ್ಕೇ ಚಳಿ ಜ್ವರ, ಬೆನ್ನ ಪಕ್ಕದ ನೋವು, ವಾಂತಿ ಇದ್ದವರಿಗೆ ಇದನ್ನು ಕೊಡಲ್ಲ. ಸೋಂಕು ಕಿಡ್ನಿಗೆ ಏರಿದ್ದರೆ ಅಲ್ಲಿ ಇದರ ಆಟ ನಡೆಯಲ್ಲ. ನಿಮ್ಮ ಡಾಕ್ಟರು ಅಷ್ಟೆಲ್ಲ ಪ್ರಶ್ನೆ ಕೇಳಿದ್ದು ಅದಕ್ಕೇ.

ಈಗ ಕಿಡ್ನಿಯೇ ಸೋತಿದ್ದರೆ? ಮಾತ್ರೆ ಮೂತ್ರಕ್ಕೆ ಹೋಗಬೇಕಾದಷ್ಟು ಹೋಗಲ್ಲ, ರಕ್ತದಲ್ಲೇ ಉಳಿಯುತ್ತೆ. ಕಾಯಿಲೆ ವಾಸಿ ಆಗಲ್ಲ, ನರಕ್ಕೆ ಪೆಟ್ಟು ಬೀಳಬಹುದು. ಎರಡೂ ಕಡೆ ನಷ್ಟ. ಬ್ರಿಟನ್ನಿನಲ್ಲಿ, ಕಿಡ್ನಿ ಎಷ್ಟು ಸೋಸುತ್ತೆ ಅಂತ ತೋರಿಸುವ ಲೆಕ್ಕ, ಇಜಿಎಫ್‌ಆರ್ 45ಕ್ಕಿಂತ ಕೆಳಗಿದ್ದರೆ ಬೇಡ ಅಂತಾರೆ. ಬೇರೆ ದಾರಿ ಇಲ್ಲದಿದ್ದರೆ ಮಾತ್ರ 30ರಿಂದ 44ರ ನಡುವಿನವರಿಗೆ ಕೆಲವೇ ದಿನ, ಡಾಕ್ಟರು ನೋಡಿಕೊಂಡು. ಅಮೆರಿಕದ ಲೇಬಲ್ ಇನ್ನೂ ಬಿಗಿ, 60ಕ್ಕಿಂತ ಕೆಳಗೆ ಬೇಡ ಅನ್ನುತ್ತೆ. 71 ವರ್ಷ, ಸಕ್ಕರೆ, ಬಿಪಿ. ಅವರ ಕ್ರಿಯಾಟಿನಿನ್, ಅಂದರೆ ಕಿಡ್ನಿ ಸೋತರೆ ರಕ್ತದಲ್ಲಿ ಏರುವ ಅಂಶ, ಎಷ್ಟು ಅಂತ ಯಾರಾದರೂ ನೋಡಿದ್ದೀರಾ? ಹಳೇ ರಿಪೋರ್ಟ್ ಇದ್ದರೆ ಹುಡುಕಿ. ಸಕ್ಕರೆಗೆ ಯಾವ ಮಾತ್ರೆ ತಗೊಳ್ತಾರೆ, ಇತ್ತೀಚೆಗೆ ಏನಾದರೂ ಬದಲಾಗಿದೆಯಾ? ಉರಿ ಇರುವುದು ಮೂತ್ರ ಹೋಗುವಾಗ ಮಾತ್ರವಾ, ಅಥವಾ ಸುಮ್ನೆ ಕೂತಾಗಲೂ ಕಡಿತ ಇದೆಯಾ? ಇದನ್ನು ನೀವೇ ಕೇಳಬೇಕು, ಮಗನ ಹತ್ತಿರ ಹೇಳಲ್ಲ ಅವರು.

ಆ ಮೂರು 'ಆರ್' ಬಗ್ಗೆ ಹೇಳದೆ ಇರಲಾರೆ. ಸಿಪ್ರೋ ಕೆಟ್ಟ ಔಷಧಿ ಅಲ್ಲ, ನಾವು ಕೆಡಿಸಿದ್ದು. ಎರಡು ದಿನ, ನಾಲ್ಕು ಮಾತ್ರೆ, ಕತ್ತರಿಯಲ್ಲಿ ಕತ್ತರಿಸಿದ ಸ್ಟ್ರಿಪ್. ಕೆಲಸಕ್ಕೆ ಸೇರಿದ ಹೊಸದರಲ್ಲಿ ನಾನೂ ಹಾಗೇ ಕೊಟ್ಟಿದ್ದೇನೆ, ಈಗ ಒಳ್ಳೆಯವನ ಹಾಗೆ ಮಾತಾಡಿದರೆ ಸುಳ್ಳಾಗುತ್ತೆ. 2014ರ ಮಾರ್ಚಿನಿಂದ ಎಚ್1 ಪಟ್ಟಿ ಅಂತ ಬಂತು, ಚೀಟಿ ನೋಡಿ ಲೆಕ್ಕ ಬರೆದೇ ಕೊಡಬೇಕಾದ ಔಷಧಿಗಳದ್ದು. ಸೆಫಿಕ್ಸಿಮ್ ಅದರಲ್ಲಿದೆ. ಕೊಟ್ಟರೆ ಡಾಕ್ಟರ್ ಹೆಸರು, ರೋಗಿ ಹೆಸರು, ಎಷ್ಟು ಕೊಟ್ಟೆ ಅಂತ ಪುಸ್ತಕದಲ್ಲಿ ಬರೆದು ಮೂರು ವರ್ಷ ಇಟ್ಟುಕೊಳ್ಳಬೇಕು. ಆ ಪುಸ್ತಕ ಬರೆಯಲು ಶುರು ಮಾಡಿದ ಮೇಲೇ ನಂಗೆ ಗೊತ್ತಾಗಿದ್ದು, ದಿನಕ್ಕೆ ಎಷ್ಟು ಸ್ಟ್ರಿಪ್ ಕತ್ತರಿಸುತ್ತಿದ್ದೆ ಅಂತ. ನಿಮ್ಮ ಮಾತ್ರೆ ಸ್ಟ್ರಿಪ್ ತಿರುಗಿಸಿ ನೋಡಿ, ಪಕ್ಕದಲ್ಲಿ ಉದ್ದಕ್ಕೆ ಕೆಂಪು ಗೆರೆ ಇರುತ್ತೆ. ಚೀಟಿ ಇಲ್ಲದೆ ಇದನ್ನು ಮುಟ್ಟಬೇಡಿ ಅಂತ ಅದರ ಅರ್ಥ. ಡಿಸೈನ್ ಅಂದುಕೊಂಡವರೇ ಜಾಸ್ತಿ.

ನೈಟ್ರೋಫ್ಯುರಾಂಟೊಯಿನ್ನಿಗೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 1953ರಲ್ಲಿ. ಕನ್ನಡ ನಾಡು ಒಂದಾಗಿದ್ದೇ 1956ರಲ್ಲಿ ಅಲ್ವಾ, ಅದಕ್ಕೂ ಮೊದಲಿನದು. ಇಷ್ಟು ಹಳೇ ಮಾತ್ರೆ ಇನ್ನೂ 'ಎಸ್' ಬರುತ್ತಿದೆ, ಯಾಕಂದ್ರೆ ಇದು ಬ್ಯಾಕ್ಟೀರಿಯಾಕ್ಕೆ ಒಂದೇ ಕಡೆ ಹೊಡೆಯಲ್ಲ, ಹತ್ತು ಕಡೆ ಹೊಡೆಯುತ್ತೆ. ತಪ್ಪಿಸಿಕೊಳ್ಳಲು ಅದಕ್ಕೆ ದಾರಿ ಸಿಗುವುದು ಕಷ್ಟ. ಉಳಿದಿರುವುದೇ ಇಂಥ ಒಂದೆರಡು.

ಗಿಡಮದ್ದು ಅವರೇ, ನಿಮ್ಮ ಬಾರ್ಲಿ ನೀರಿಗೆ ನನ್ನ ಜಗಳ ಇಲ್ಲ. ಪದೇ ಪದೇ ಉರಿಮೂತ್ರ ಆಗುವ, ನೀರು ಕಡಿಮೆ ಕುಡಿಯುವ ಹೆಂಗಸರು ದಿನಕ್ಕೆ ಒಂದೂವರೆ ಲೀಟರ್ ಹೆಚ್ಚು ನೀರು ಕುಡಿದರೆ ಕಾಯಿಲೆ ಮರಳುವುದು ಕಡಿಮೆ ಆಗುತ್ತೆ ಅಂತ 2018ರಲ್ಲಿ ಅಧ್ಯಯನವೇ ಬಂದಿದೆ. ಕೊತ್ತಂಬರಿ ನೀರೂ ನೀರೇ. ಆದರೆ ರಕ್ತ ಬಂದ ಮೇಲೂ, ಜ್ವರ ಏರಿದ ಮೇಲೂ ಬೂದುಗುಂಬಳ ಹಿಂಡುತ್ತಾ ಕೂರಬೇಡಿ ಅಂತಷ್ಟೇ. ಅಜ್ಜಿ ಕಾಲದಲ್ಲಿ ಎಲ್ಲರೂ ಬದುಕಿದ್ದರಾ? ಬದುಕಿದವರು ಮಾತ್ರ ನಮಗೆ ಕತೆ ಹೇಳಿದ್ದು ಸ್ವಾಮಿ.

ಕಾಫಿಹೂ, ಮೂಡಿಗೆರೆ ಕಡೆ:

ಅಣ್ಣಾ, ತುಂಬಾ ಥ್ಯಾಂಕ್ಸ್. ಸಿರಪ್ ಎತ್ತಿಟ್ಟೆ. ಕೆಂಪು ಗೆರೆ ನೋಡಿದೆ, ನಿಜ, ಇದೆ!

ಅತ್ತೆಯ ರಿಪೋರ್ಟ್ ಹುಡುಕಿದೆ. ಕಾಫಿ ಲೆಕ್ಕದ ಪುಸ್ತಕದೊಳಗೆ, ಗೊಬ್ಬರದ ಬಿಲ್ಲಿನ ಜೊತೆ ಸಿಕ್ಕಿತು. ಹೋದ ಜೂನ್ ತಿಂಗಳದ್ದು. ಕ್ರಿಯಾಟಿನಿನ್ 1.6. ಅದರ ಕೆಳಗೆ ಇಜಿಎಫ್‌ಆರ್ 34 ಅಂತ ಇದೆ. ಅದಕ್ಕೆ ಯಾರೋ ಪೆನ್ನಿನಲ್ಲಿ ಸುತ್ತು ಹಾಕಿದ್ದಾರೆ. ನಮಗೆ ಯಾರಿಗೂ ಅದು ಏನು ಅಂತ ಗೊತ್ತಿರಲಿಲ್ಲ. "ಸಕ್ಕರೆ ಎಷ್ಟು" ಅಂತ ಮಾತ್ರ ನೋಡಿ ಮಡಚಿಟ್ಟಿದ್ದೆವು.

ಮಾತ್ರೆ ಡಬ್ಬಿಯನ್ನೂ ತೆಗೆದು ನೋಡಿದೆ. ಡಿಸೆಂಬರಿನಲ್ಲಿ ಹೊಸದೊಂದು ಸೇರಿಸಿದ್ದಾರೆ, ಡಾಪಾಗ್ಲಿಫ್ಲೋಜಿನ್. ಕೇಳಿದ್ದಕ್ಕೆ ಮೊದಲು ಬೈದರು, ಆಮೇಲೆ ಒಲೆ ಮುಂದೆ ಕೂತಾಗ ಮೆಲ್ಲಗೆ ಹೇಳಿದರು. ಒಂದಕ್ಕೆ ಹೋಗುವಾಗ ಒಳಗೆ ಉರಿ ಇಲ್ಲವಂತೆ, ಮೂತ್ರ ತಾಗಿದಾಗ ಹೊರಗೆ ಚುರುಚುರು ಅನ್ನುತ್ತಂತೆ. ಕಡಿತವೇ ಜಾಸ್ತಿ, ರಾತ್ರಿ ನಿದ್ದೆ ಇಲ್ಲವಂತೆ.

ಮಾತ್ರೆಡಬ್ಬಿ, ಹಾಸನ:

ನೋಡಿದ್ರಾ. ಇಜಿಎಫ್‌ಆರ್ 34 ಇರುವವರಿಗೆ ಆ ನಾಲ್ಕು ಮಾತ್ರೆ ಕೊಡಲು ಹೊರಟಿದ್ದಿರಿ. ಜೂನ್ ಲೆಕ್ಕ ಅದು, ಈಗ ಎಷ್ಟಿದೆಯೋ.

ಡಾಪಾಗ್ಲಿಫ್ಲೋಜಿನ್ ರಕ್ತದ ಸಕ್ಕರೆಯನ್ನು ಮೂತ್ರದ ಮೂಲಕ ಹೊರಗೆ ಹಾಕುವ ಮಾತ್ರೆ. ಕಿಡ್ನಿ, ಹೃದಯಕ್ಕೆ ಒಳ್ಳೆಯದು ಅಂತಲೂ ಕೊಡ್ತಾರೆ, ಅದನ್ನು ನೀವಾಗಿ ನಿಲ್ಲಿಸಬೇಡಿ. ಆದರೆ ಮೂತ್ರದಲ್ಲಿ ಸಕ್ಕರೆ ಇದ್ದರೆ ಆ ಜಾಗದಲ್ಲಿ ಫಂಗಸ್ ಬೆಳೆಯುವುದು ಸಾಮಾನ್ಯ. ಬೆಲ್ಲದ ಡಬ್ಬಿ ಮುಚ್ಚಳ ತೆಗೆದಿಟ್ಟ ಹಾಗೆ. ಹೊರಗೆ ಚುರುಚುರು, ಕಡಿತ ಅಂತ ಹೇಳಿದ್ದು ಕೇಳಿದರೆ ನಂಗೆ ಅದೇ ಅನುಮಾನ. ಹಾಗಿದ್ದರೆ ಅದು ಬ್ಯಾಕ್ಟೀರಿಯಾ ಅಲ್ಲವೇ ಅಲ್ಲ, ಆಂಟಿಬಯೋಟಿಕ್ ಕೊಟ್ಟರೆ ಫಂಗಸ್ ಇನ್ನೂ ಜಾಸ್ತಿ ಆಗುತ್ತೆ. ಆದರೆ ನೋಡಿ ಹೇಳಬೇಕಾದವರು ಡಾಕ್ಟರು. ಕರ್ಕೊಂಡು ಹೋಗಿ. ರಿಪೋರ್ಟು, ಮಾತ್ರೆ ಡಬ್ಬಿ ಎರಡೂ ಜೊತೆಗಿರಲಿ. ಐನೂರು ರೂಪಾಯಿ ಉಳಿಸುವ ಜಾಗ ಇದಲ್ಲ.

ಗಾಜಿನತಟ್ಟೆ, ಚಿಕ್ಕಮಗಳೂರು:

ನಾನು ಲ್ಯಾಬಿನಲ್ಲಿ ಕಲ್ಚರ್ ಹಾಕುವವಳು. ಅತ್ತೆಯವರಿಗೂ ಕಲ್ಚರ್ ಬರೆದುಕೊಟ್ಟರೆ ಒಂದು ಮಾತು ನೆನಪಿಡಿ. ಮೊದಲು ಸ್ಯಾಂಪಲ್, ಆಮೇಲೆ ಮಾತ್ರೆ. ಎರಡು ಮಾತ್ರೆ ನುಂಗಿ ಬಂದು ಕೊಟ್ಟರೆ ತಟ್ಟೆಯಲ್ಲಿ ಏನೂ ಬೆಳೆಯಲ್ಲ. "ಏನೂ ಇಲ್ಲ ಅಂತ ಬಂತು" ಅಂತ ಖುಷಿಯಲ್ಲಿ ಹೋಗ್ತಾರೆ, ಹದಿನೈದು ದಿನಕ್ಕೆ ವಾಪಸ್.

ನಾವು ಕೊಡುವ ಮುಚ್ಚಿದ ಡಬ್ಬಿಯಲ್ಲೇ ಹಿಡಿಯಿರಿ. ಉಪ್ಪಿನಕಾಯಿ ಬಾಟಲಿ ಬಿಸಿನೀರಲ್ಲಿ ತೊಳೆದು ತರುವವರು ಈಗಲೂ ಇದ್ದಾರೆ, ಒಂದು ಸಲ ತಳದಲ್ಲಿ ಸಾಸಿವೆಯೂ ಇತ್ತು. ತೊಳೆದುಕೊಂಡು, ಮೊದಲ ಸ್ವಲ್ಪ ಬಿಟ್ಟು, ನಡುವಿನದನ್ನು ಹಿಡಿಯಬೇಕು. ಎರಡು ಗಂಟೆಯೊಳಗೆ ಲ್ಯಾಬಿಗೆ ಬರಬೇಕು, ಇಲ್ಲಾಂದ್ರೆ ಫ್ರಿಜ್ಜಿನಲ್ಲಿಡಬೇಕು. ಇ. ಕೋಲೈಗೆ ಬೆಚ್ಚಗಿನ ಜಾಗ ಸಿಕ್ಕರೆ ಇಪ್ಪತ್ತು ನಿಮಿಷಕ್ಕೊಮ್ಮೆ ದುಪ್ಪಟ್ಟಾಗುತ್ತೆ. ಬೆಳಿಗ್ಗೆ ಮನೆಯಲ್ಲಿ ಹಿಡಿದು, ಬಸ್ಸಿನಲ್ಲಿ ಬ್ಯಾಗಿನೊಳಗಿಟ್ಟು, ದಾರಿಯಲ್ಲಿ ತಿಂಡಿ ತಿಂದು ಹನ್ನೊಂದಕ್ಕೆ ತಂದು ಕೊಟ್ಟರೆ, ಸಾವಿರ ಇದ್ದದ್ದು ಲಕ್ಷ ಆಗಿರುತ್ತೆ. ಇಲ್ಲದ ಕಾಯಿಲೆಗೆ ಮಾತ್ರೆ ಬರುತ್ತೆ. ದೂರದವರು ಲ್ಯಾಬಿಗೇ ಬಂದು ಕೊಡುವುದು ವಾಸಿ.

ರಿಪೋರ್ಟಿನಲ್ಲಿ ಹತ್ತು ಹೆಸರಿನ ಮುಂದೆ 'ಎಸ್' ಇದ್ದರೆ ಹತ್ತೂ ನಿಮಗೆ ಆಗುತ್ತೆ ಅಂತಲ್ಲ. ತಟ್ಟೆಯಲ್ಲಿ ಬ್ಯಾಕ್ಟೀರಿಯಾ ಬೆಳೆಯಲಿಲ್ಲ ಅಂತ ಮಾತ್ರ ಆ ಅಕ್ಷರ ಹೇಳುವುದು. ನಿಮ್ಮ ವಯಸ್ಸು, ಕಿಡ್ನಿ, ಹೊಟ್ಟೆಯಲ್ಲಿರುವ ಮಗು ನಮ್ಮ ತಟ್ಟೆಗೆ ಗೊತ್ತಿಲ್ಲ.

ಸೀಮೆಸುಣ್ಣ, ಆಲೂರು ಕಡೆ:

ಕೊನೆಯ ಸಾಲು ಓದಿ ನಂದು ನೆನಪಾಯ್ತು. ನಾನು ಟೀಚರ್. ಸ್ಕೂಲಿನಲ್ಲಿ ಶೌಚಾಲಯ ಇದೆ, ಚಿಲಕ ಇಲ್ಲ, ನೀರಿಲ್ಲ. ಬೆಳಿಗ್ಗೆ ಒಂಬತ್ತರಿಂದ ಸಂಜೆ ಐದರವರೆಗೆ ಅರ್ಧ ಲೋಟ ನೀರು ಕುಡಿದರೆ ಹೆಚ್ಚು. ಮಕ್ಕಳಿಗೆ ಮಾತ್ರ "ನೀರು ಕುಡಿಯಿರಿ" ಅಂತ ಪಾಠ!

ಎಂಟು ತಿಂಗಳ ಬಸುರಿ ಇದ್ದಾಗ ಮಾಮೂಲಿ ತಪಾಸಣೆಯಲ್ಲಿ ಮೂತ್ರದಲ್ಲಿ ಬ್ಯಾಕ್ಟೀರಿಯಾ ಸಿಕ್ಕಿತು. ನಂಗೆ ಉರಿ ಇಲ್ಲ, ಏನೂ ಇಲ್ಲ. ಆದರೂ ಡಾಕ್ಟರು ಮಾತ್ರೆ ಕೊಟ್ಟರು. ಬಸುರಿಯರಲ್ಲಿ ಸುಮ್ಮನಿದ್ದರೆ ಕಿಡ್ನಿಗೆ ಏರಬಹುದಂತೆ. ನೈಟ್ರೋಫ್ಯುರಾಂಟೊಯಿನ್ ರಿಪೋರ್ಟಿನಲ್ಲಿ 'ಎಸ್' ಇತ್ತು, ಆದರೆ ಹೆರಿಗೆ ಹತ್ತಿರ ಇರುವಾಗ ಅದು ಬೇಡ, ಮಗುವಿನ ರಕ್ತಕಣ ಒಡೆಯಬಹುದು ಅಂತ ಸೆಫಲೆಕ್ಸಿನ್ ಬರೆದರು. ರಕ್ತಕಣ ಕಾಯುವ ಜಿ-6-ಪಿಡಿ ಅನ್ನುವ ಕಿಣ್ವದ ಕೊರತೆ ಹುಟ್ಟಿನಿಂದ ಇರುವವರಿಗೂ ಅದೇ ಕಾರಣಕ್ಕೆ ಕೊಡಲ್ಲ ಅಂದರು. ಅದೇ ತಿಂಗಳು ನಮ್ಮಜ್ಜಿಗೂ ಟೆಸ್ಟ್ ಮಾಡಿಸಿದರೆ ಅವರ ಮೂತ್ರದಲ್ಲೂ ಬ್ಯಾಕ್ಟೀರಿಯಾ. ಅವರಿಗೆ ಮಾತ್ರೆಯೇ ಇಲ್ಲ! "ವಯಸ್ಸಾದವರಲ್ಲಿ ಇರುತ್ತೆ, ತೊಂದರೆ ಇಲ್ಲದೆ ಕೊಡಲ್ಲ" ಅಂತ ಕಳಿಸಿದರು. ಒಂದೇ ಮನೆ, ಒಂದೇ ಲ್ಯಾಬು, ಒಂದೇ ಬ್ಯಾಕ್ಟೀರಿಯಾ. ನಂಗೆ ಮದ್ದು, ಅಜ್ಜಿಗೆ ಬರೀ ಮಾತು. ಅಜ್ಜಿಗೆ ಅದು ಬಹಳ ದಿನ ಬೇಜಾರಿತ್ತು.

ಗಿಡಮದ್ದು, ಬೇಲೂರು:

ಸರಿಯಪ್ಪ, ಸೋತೆ. ಆದ್ರೆ ಒಂದು ಕೇಳ್ತೀನಿ. ಉರಿ ನಿಂತ ಮೇಲೂ ಐದು ದಿನ ಪೂರ್ತಿ ಯಾಕೆ ನುಂಗಬೇಕು? ಮೂರು ದಿನಕ್ಕೇ ವಾಸಿ ಆಯ್ತಲ್ಲ ಅವರಿಗೆ.

ಮಾತ್ರೆಡಬ್ಬಿ, ಹಾಸನ:

ಒಳ್ಳೆ ಪ್ರಶ್ನೆ, ಸುಮ್ನೆ ಹೇಳ್ತಿಲ್ಲ. ಕೆಲವು ದೇಶದಲ್ಲಿ ಸಾದಾ ಉರಿಮೂತ್ರಕ್ಕೆ ಇದೇ ಮಾತ್ರೆ ಮೂರೇ ದಿನ ಬರೀತಾರೆ. ಹಾಗಾಗಿ ಹೆಚ್ಚು ದಿನ ನುಂಗಿದಷ್ಟೂ ಒಳ್ಳೆಯದು ಅನ್ನುವುದೂ ತಪ್ಪು. ಮೊದಲೆಲ್ಲ ನಾವೇ "ಹತ್ತು ದಿನ ತಗೊಳ್ಳಿ, ಬೇರು ಸಮೇತ ಹೋಗಲಿ" ಅಂತಿದ್ದೆವು. ಇವರಿಗೆ ಮೂರು ತಿಂಗಳಲ್ಲಿ ಮೂರು ಸಲ ಬಂದಿದೆ. ಅವರನ್ನು ನೋಡಿದ ಡಾಕ್ಟರು ಐದು ಅಂದಿದ್ದಾರೆ, ಐದು ತಗೊಳ್ಳಲಿ. ಉರಿ ನಿಂತಿದೆ ಅಂದರೆ ಬ್ಯಾಕ್ಟೀರಿಯಾ ಕಡಿಮೆ ಆಗಿದೆ ಅಂತ, ಮುಗಿದಿದೆ ಅಂತಲ್ಲ. ಕಳೆ ಕುಡುಗೋಲಿನಲ್ಲಿ ಸವರಿದರೆ ಎರಡು ದಿನ ತೋಟ ಚೆನ್ನಾಗೇ ಕಾಣುತ್ತಲ್ಲ. ಎರಡು ದಿನ ಮಾತ್ರೆ ತಗೊಂಡೂ ಉರಿ ಇಳಿಯದಿದ್ದರೆ, ನಡುವೆ ಜ್ವರ ಬಂದರೆ, ಐದನೇ ದಿನಕ್ಕೆ ಕಾಯಬಾರದು.

ಕಾಫಿಹೂ, ಮೂಡಿಗೆರೆ ಕಡೆ:

ಹತ್ತು ದಿನ ಆಯ್ತು, ಏನಾಯ್ತು ಅಂತ ಹೇಳೋಣ ಅಂತ ಬಂದೆ.

ನಂದು ಹತ್ತೂ ಮಾತ್ರೆ ಮುಗಿಯಿತು. ಮಾರನೇ ದಿನ ಸಂಜೆಗೆ ಬಣ್ಣವೂ ತಿಳಿಯಾಯಿತು. ಹಾಲಿನ ಜೊತೆ ತಗೊಂಡ ಮೇಲೆ ಹೊಟ್ಟೆ ತೊಳಸಲೂ ಇಲ್ಲ.

ಅತ್ತೆಯನ್ನು ಒಪ್ಪಿಸುವುದು ದೊಡ್ಡ ಕೆಲಸ ಆಯ್ತು. ಕಿಡ್ನಿ, ಇಜಿಎಫ್‌ಆರ್ ಅಂದರೆ ಕಿವಿಗೇ ಹಾಕಿಕೊಳ್ಳಲಿಲ್ಲ. ಕೊನೆಗೆ ಹೇಳಿದೆ: "ಅತ್ತೆ, ಹೋದ ವರ್ಷ ಹೂವಿಗೆ ನೀರು ಹೊಡೆಯುವಾಗ ಏನಾಯ್ತು? ಕೆರೆಯಲ್ಲಿ ನೀರಿತ್ತು, ಪಂಪ್ ಸೋತಿತ್ತು. ಸ್ಪ್ರಿಂಕ್ಲರ್ ಎದ್ದೇಳಲಿಲ್ಲ, ಪೈಪ್ ಒಡೀತು. ಈ ಮಾತ್ರೆಯೂ ಹಾಗೇ, ನಿಮ್ಮ ಪಂಪ್ ಸ್ವಲ್ಪ ಸೋತಿದೆ." ಒಂದು ನಿಮಿಷ ಸುಮ್ಮನಿದ್ದರು. ಆಮೇಲೆ "ಆ ಪಂಪ್ ರಿಪೇರಿಗೆ ಎಷ್ಟು ಕೊಟ್ಟಿದ್ವಿ" ಅಂತ ಕೇಳಿ, ಸೀರೆ ಬದಲಾಯಿಸಿ ಹೊರಟರು.

ಫಂಗಸ್ಸೇ ಅಂತೆ ಅಣ್ಣಾ. ಡಾಕ್ಟರು ನೋಡಿದ ಕೂಡಲೇ ಹೇಳಿದರು. ಮೂತ್ರ ಪರೀಕ್ಷೆಯಲ್ಲಿ ಸಕ್ಕರೆ ತುಂಬಾ ಇತ್ತು, ಸೋಂಕಿನ ಗುರುತು ಇರಲಿಲ್ಲ. ಹಚ್ಚಲು ಕ್ಲೋಟ್ರಿಮಾಜೋಲ್ ಮುಲಾಮು ಕೊಟ್ಟಿದ್ದಾರೆ. ನಾಲ್ಕನೇ ದಿನಕ್ಕೆ ಕಡಿತ ಇಳಿಯಿತು, ಈಗ ನಿದ್ದೆ ಮಾಡ್ತಾರೆ. ಡಾಪಾಗ್ಲಿಫ್ಲೋಜಿನ್ ಸದ್ಯಕ್ಕೆ ಇರಲಿ, ಮತ್ತೆ ಕಡಿತ ಬಂದರೆ ಯೋಚಿಸೋಣ, ದಿನಾ ತೊಳೆದು ಒಣಗಿಸಿಕೊಳ್ಳಿ ಅಂದರು. ಕ್ರಿಯಾಟಿನಿನ್ ಮತ್ತೆ ಮಾಡಿಸಿದೆವು, 1.7 ಆಗಿದೆ. ಅದಕ್ಕೆ ಬೇರೆ ಡಾಕ್ಟರ ಹತ್ತಿರ ಹೋಗಲು ಬರೆದುಕೊಟ್ಟಿದ್ದಾರೆ. ಜೂನಿನಲ್ಲೇ ಆ ಸುತ್ತು ಹಾಕಿದ್ದರ ಅರ್ಥ ಯಾರಾದರೂ ಬಾಯಿಬಿಟ್ಟು ಹೇಳಿದ್ದರೆ ಅಂತ ಈಗ ಅನ್ನಿಸುತ್ತೆ. ನಾವೂ ಕೇಳಲಿಲ್ಲ ಬಿಡಿ.

ತೋಟದಲ್ಲಿ ಒಂದು ಕೆಲಸ ಮಾಡಿದೆವು. ನರ್ಸರಿಗೆ ಅಂತ ತಂದಿದ್ದ ಹಸಿರು ಶೇಡ್ ನೆಟ್ ಉಳಿದಿತ್ತು. ಕಣದ ಹಿಂದೆ ಗುಂಡಿ ತೋಡಿಸಿ, ನಾಲ್ಕು ಸಿಲ್ವರ್ ಓಕ್ ಕಂಬ ನೆಟ್ಟು, ನೆಟ್ಟನ್ನು ಎರಡು ಸುತ್ತು ಸುತ್ತಿಸಿದೆ. ಒಳಗೆ ಒಂದು ಡ್ರಮ್ ನೀರು, ಒಂದು ಚೊಂಬು. ನಮ್ಮೆಜಮಾನರು "ಇದಕ್ಕೆಲ್ಲ ಅರ್ಧ ದಿನದ ಆಳು ಹಾಳು" ಅಂತ ಗೊಣಗಿದರು. ಮೊದಲ ದಿನ ಯಾರೂ ಹೋಗಲಿಲ್ಲ, ನಾನೇ ಹೋದೆ. ಎರಡನೇ ದಿನ ಮಧ್ಯಾಹ್ನದ ಹೊತ್ತಿಗೆ ಸಾಲು ನಿಂತಿತ್ತು. ಈಗ ನೀರಿನ ಕೊಡ ತೋಟಕ್ಕೆ ದಿನಕ್ಕೆ ಎರಡು ಸಲ ಹೋಗುತ್ತೆ.

ಒಂದೇ ಒಂದು ಕೇಳುವುದು ಉಳಿಯಿತು. ಆ ಸಿರಪ್ ಅರ್ಧ ಬಾಟಲಿ ಇದೆ. ಅತ್ತೆ ಅದನ್ನಾದರೂ ಕುಡೀತೀನಿ, ತಂಪು ಅಂತ ಹಟ ಮಾಡ್ತಿದ್ದಾರೆ.

ಮಾತ್ರೆಡಬ್ಬಿ, ಹಾಸನ:

ಅಯ್ಯೋ ಬೇಡ. ಅದರಲ್ಲಿ ಸೋಡಿಯಂ ಇದೆ, ಅವರಿಗೆ ಬಿಪಿ ಇದೆ, ಕಿಡ್ನಿ ಬೇರೆ ಹಾಗಿದೆ. ದೀಪಾವಳಿಗೆ ಮುಚ್ಚಳ ತೆಗೆದ ಬಾಟಲಿ ಅದು. ಚೆಲ್ಲಿ. ಅತ್ತೆಯವರು ನೋಡದೆ ಇರುವಾಗ ಚೆಲ್ಲಿ.